ಯೋಗ ಗುರುಗಳ ಮಂಡಿ

ಹನ್ನೊಂದು ವರ್ಷದಿಂದ ಪಾರ್ಕಿನಲ್ಲಿ ಯೋಗ ಕಲಿಸುತ್ತಿರುವ ನನಗೇ ಮಂಡಿಚಿಪ್ಪಿನ ಸುತ್ತ ನೋವು ಶುರುವಾಯಿತು. ‘ವಜ್ರಾಸನ ಹಾಕುವವರ ಹತ್ತಿರ ಮಂಡಿನೋವು ಸುಳಿಯುವುದಿಲ್ಲ’ ಎಂದು ಶಿಷ್ಯರಿಗೆ ದಿನವೂ ಭಾಷಣ ಬಿಗಿದವನು ಇದನ್ನು ಯಾರಿಗೆ ಹೇಳಲಿ? ಎಣ್ಣೆ ತಿಕ್ಕಿದೆ, ಐಸ್ ಇಟ್ಟೆ, ಪೈಜಾಮದೊಳಗೆ ಕದ್ದುಮುಚ್ಚಿ ಪಟ್ಟಿ ಕಟ್ಟಿಕೊಂಡೆ. ಯಾವುದೂ ನಾಟಲಿಲ್ಲ. ಕೊನೆಗೆ, ಗುರುತಿನವರು ಯಾರೂ ಸಿಗದಿರಲೆಂದು, ಪಕ್ಕದ ಊರಿನ ಅಕ್ಯುಪಂಕ್ಚರ್ ಕ್ಲಿನಿಕ್ಕಿಗೆ ಬಸ್ಸು ಹತ್ತಿದೆ.

“ಏನು ಕೆಲಸ ಮಾಡ್ತೀರಿ?” ಎಂದು ಡಾಕ್ಟರಮ್ಮ ಕೇಳಿದರು.

“ಬಟ್ಟೆ ಅಂಗಡಿ ಇದೆ,” ಎಂದೆ.

“ವಜ್ರಾಸನ ಗಿಜ್ರಾಸನ ಏನಾದ್ರೂ ಹಾಕ್ತೀರಾ?”

“ಅಯ್ಯೋ, ನನಗೆ ನೆಲದ ಮೇಲೆ ಕೂತೇ ಅಭ್ಯಾಸ ಇಲ್ಲಮ್ಮ!”

“ಒಳ್ಳೇದಾಯ್ತು. ಈ ನೋವಿಗೆ ಮಂಡಿ ಪೂರ್ತಿ ಮಡಚಿ ಕೂರಲೇಬಾರದು.”

ಪರದೆ ಎಳೆದಿದ್ದ ಮಂಚದ ಮೇಲೆ ನನ್ನನ್ನು ಮಲಗಿಸಿ ಮೊದಲ ಸೂಜಿ ಚುಚ್ಚಿದರು. ನಾನು “ಅಮ್ಮಾ!” ಎಂದು ಕಿರುಚಿಕೊಂಡೆ.

ಪರದೆಯ ಆಚೆಯಿಂದ ಹೆಂಗಸೊಬ್ಬರ ದನಿ ಸಮಾಧಾನ ಹೇಳಿತು:

“ಉಸಿರು ನಿಧಾನವಾಗಿ ಬಿಡಿ ಗುರುಗಳೇ. ನಮ್ಮ ಪಾರ್ಕಿನ ಬ್ಯಾಚಿನವರಿಗೆಲ್ಲ ಮೊದಲನೇ ಸೂಜಿಗೆ ಹೀಗೇ ಆಗಿತ್ತು.”