ಲೆಕ್ಕಕ್ಕೆ ಬಾರದ ದಿನ

"ಒಂಬತ್ತು" ಎಂದು ಓದಿ ಸುಮಲತಾ ಕತ್ತಿನ ಹಿಂಭಾಗವನ್ನು ಒತ್ತಿಕೊಂಡಳು. ಬೆಳಗಿನಿಂದ ಎಪ್ಪತ್ತಾರು ಜನ ಕೆಲಸಕ್ಕೆ ಸೇರಿದ ತಾರೀಖುಗಳನ್ನು ಹಳೆಯ ಹಾಜರಿ ಪುಸ್ತಕಗಳಲ್ಲಿ ಹುಡುಕಿ ಕಂಪ್ಯೂಟರಿನ ಎಕ್ಸೆಲ್ ಹಾಳೆಗೆ ಇಳಿಸಿದ್ದಳು. ನಡುವೆ ಕರೆಂಟು ಹೋಗಿ, ಬಡಿದದ್ದನ್ನೇ ಮತ್ತೆ ಬಡಿದದ್ದೂ ಆಗಿತ್ತು. 2003ರ ಜೂನ್ ಮೂವತ್ತಕ್ಕೆ ಹತ್ತು ವರ್ಷ ತುಂಬಿದವರು ಖಾಯಂ, ತುಂಬದವರು ಈ ತಿಂಗಳಿಗೇ ಮನೆಗೆ ಎಂದು ಕೊಟ್ಟೂರಿನ ಈ ಶಾಲೆಯ ಆಡಳಿತ ಮಂಡಳಿ ತೀರ್ಮಾನಿಸಿತ್ತು. ಪಟ್ಟಿ ಹರಪನಹಳ್ಳಿಯಲ್ಲಿದ್ದ ಮಂಡಳಿಯ ಕಾರ್ಯದರ್ಶಿಗೆ ತಲುಪಲು ಐದೂವರೆಯ ಬಸ್ಸಿನ ಕಂಡಕ್ಟರನ ಕೈ ಸೇರಬೇಕಿತ್ತು.

ಮೇಜಿನ ಆಚೆ ನಿಂತಿದ್ದವಳು ದುರುಗಮ್ಮ, ಶಾಲೆಯ ಹುಡುಗಿಯರ ಹಾಸ್ಟೆಲಿನ ಅಡುಗೆಯವಳು. ಪಟ್ಟಿಗೆ ಸಹಿ ಹಾಕಲು ಕರೆಸಿದ್ದರು. ಒದ್ದೆ ಕೈಯನ್ನು ಸೆರಗಿಗೆ ಒರೆಸಿಕೊಳ್ಳುತ್ತಾ ಕೇಳಿದಳು, "ಏನವ್ವ ಒಂಬತ್ತು?"

"ನಿನ್ನ ವರ್ಷ, ದುರುಗಕ್ಕಾ. ಒಂಬತ್ತ ತುಂಬ್ಯಾವು."

"ಹತ್ತು ಬ್ಯಾಸಿಗಿ ಕಳದೀನಿ ಆ ಒಲಿ ಮುಂದ. ಒಂದನ್ನ ಯಾರು ತಿಂದ್ರು?"

ಕಚೇರಿಯ ಮೇಲ್ವಿಚಾರಕರಾದ ಪಂಚಾಕ್ಷರಪ್ಪನವರು ಕನ್ನಡಕ ತೆಗೆದು ಕಣ್ಣುಜ್ಜಿಕೊಂಡರು. "ಸಹಿ ಹಾಕವ್ವ. ಕಂಪ್ಯೂಟರ್ ಯಾರ ಪರಾನೂ ಮಾತಾಡಂಗಿಲ್ಲ. ಅಡಿಗಿಯವ್ರಾಗ ಹತ್ತು ತುಂಬಿದವ್ರು ಯಾರೂ ಇಲ್ಲಂತ ಕಾರ್ಯದರ್ಶಿಗೆ ಫೋನ್ ಮಾಡಿ ಹೇಳಿಬಿಟ್ಟೀನಿ." ಮಾತಿನಲ್ಲಿ ಗಡಸು ಇರಲಿಲ್ಲ, ಸಾಕಾಗಿಹೋದ ದನಿ ಅಷ್ಟೆ.

"ಒಂದ್ನಿಮಿಷ ಸರ್" ಎಂದು ಸುಮಲತಾ ಮತ್ತೆ ಹಾಜರಿ ಪುಸ್ತಕ ಬಿಚ್ಚಿದಳು. ದುರುಗಮ್ಮನ ಮೊದಲ ಹಾಜರಿ 1993ರ ಜುಲೈ ಒಂದು. ಅದಕ್ಕೂ ಮೊನ್ನೆಯ ಜೂನ್ ಮೂವತ್ತಕ್ಕೂ ನಡುವೆ ಪರದೆ ತೋರಿಸುತ್ತಿದ್ದುದು ಒಂಬತ್ತು ವರ್ಷ, ಹನ್ನೊಂದು ತಿಂಗಳು, ಇಪ್ಪತ್ತೊಂಬತ್ತು ದಿನ. "ಒಂದ ದಿನ ಕಡಿಮಿ ಬರ್ತೈತಿ, ದುರುಗಕ್ಕಾ."

"ಒಂದ್ ದಿನಾ?" ದುರುಗಮ್ಮ ನಕ್ಕಳು, ನಗುವಿನಲ್ಲಿ ತ್ರಾಣವಿರಲಿಲ್ಲ. "ಅದೆಂಗ ಎಣಿಸ್ತೈತಿ ನಿನ್ನ ಡಬ್ಬಿ? ಬಾಣಂತಿಗೆ ಐದನೇ ದಿನದ ನೀರು ಹಾಕೋವಾಗ ನಾವು ಹಡೆದ ದಿನಾನೂ ಹಿಡಿದು ಐದು ಅಂತೀವಿ. ಇದು ಕೂಸು ಹುಟ್ಟಿದ ದಿನಾನ ಬಿಟ್ಟು ಎಣಿಸೋ ಪೈಕಿ ಏನು?"

ಸುಮಲತಾಳ ಬೆರಳು ಗುಂಡಿಯ ಮೇಲೇ ನಿಂತಿತು. ಹಾಳೆಯ ಖಾಲಿ ಮನೆಯೊಂದರಲ್ಲಿ ಜೂನ್ ಒಂದು ಎಂದು ಬಡಿದಳು, ಅದರ ಕೆಳಗೆ ಜೂನ್ ಐದು. ಎರಡನೆಯದರಿಂದ ಮೊದಲನೆಯದನ್ನು ಕಳೆದಳು.

"ಸರ್, ಒಂದನೇ ತಾರೀಖಿನಿಂದ ಐದನೇ ತಾರೀಖಿನ ತನಕ ದುಡದ್ರ ಎಷ್ಟ್ ದಿನ ಆತ್ರಿ?"

ಪಂಚಾಕ್ಷರಪ್ಪನವರು ಬೆರಳಿನ ಗೆಣ್ಣು ಎಣಿಸಿದರು. "ಐದು."

"ಇದು ನಾಲ್ಕು ಅಂತೈತ್ರಿ. ಕಡೇ ತಾರೀಖಿನಾಗ ಮೊದಲ್ನೇದು ಕಳಿತೈತಿ ಅಷ್ಟ. ಸೇರಿದ ದಿನ ಲೆಕ್ಕಕ್ಕ ಬರಂಗಿಲ್ಲ. ನಾನ ಒಂದು ಕೂಡಿಸಬೇಕಿತ್ರಿ. ತಪ್ಪು ನಂದು."

ಪಂಚಾಕ್ಷರಪ್ಪನವರು ಇನ್ನೊಂದು ಕೈಯ ಗೆಣ್ಣುಗಳನ್ನೂ ಎಣಿಸಿ ನೋಡಿದರು. ಆಮೇಲೆ ಫೋನಿನ ಕಡೆ ನೋಡಿದರು. ಕಾರ್ಯದರ್ಶಿಗಳ ಬಾಯಿ ಎಂಥದೆಂದು ಕೊಟ್ಟೂರಿಗೆಲ್ಲ ಗೊತ್ತಿತ್ತು.

"ಎಲ್ಲಾರಿಗೂ ಒಂದೊಂದು ದಿನ ಕೂಡಿಸಮ್ಮ" ಎಂದು ಫೋನನ್ನು ತಮ್ಮ ಕಡೆ ಎಳೆದುಕೊಂಡರು. "ಬೈಸಿಕೊಳ್ಳೋದು ನನಗೇನು ಹೊಸದಲ್ಲ. ಲೆಕ್ಕ ತಪ್ಪಿಸಿದಾವ ನಾನ ಅಂತೀನಿ. ನಿನ್ನ ಹೆಸರು ಎತ್ತಂಗಿಲ್ಲ."

ಸುಮಲತಾ ಕಡೆಯ ತಾರೀಖಿಗೆ ಒಂದು ದಿನ ಕೂಡಿಸಿ, ಸೂತ್ರವನ್ನು ಮೌಸಿನಿಂದ ಕೆಳಗಿನವರೆಗೂ ಎಳೆದಳು. ಎಪ್ಪತ್ತೈದು ಹೆಸರುಗಳ ಮುಂದೆ ವರ್ಷದ ಅಂಕಿ ಕದಲಲಿಲ್ಲ. ದುರುಗಮ್ಮನ ಸಾಲಿನಲ್ಲಿ ಮಾತ್ರ ಒಂಬತ್ತು ಹೋಗಿ ಹತ್ತು ಬಂತು. ಪ್ರಿಂಟರು ಕರಕರ ಎನ್ನುತ್ತಾ ಹಾಳೆಯನ್ನು ಹೊರದೂಡಿತು.

ಒಂದೊಂದೇ ಅಕ್ಷರ ಕೂಡಿಸಿ ಸಹಿ ಹಾಕಿದ ದುರುಗಮ್ಮ, ಬಾಗಿಲವರೆಗೆ ಹೋದವಳು ತಿರುಗಿ ನಿಂತಳು.

"ಅದು ಬಿಟ್ಟಿದ್ದು ಯಾವ ದಿನಾನವ್ವ?"

"ಮೊದಲ್ನೇ ದಿನ. ನೀನು ಸೇರಿದ ದಿನ."

ದುರುಗಮ್ಮ ಚೌಕಟ್ಟಿಗೆ ಒರಗಿಕೊಂಡಳು.

"ಅವತ್ತು ಅನ್ನ ತಳ ಹಿಡಿದು ಸೀದು ಹೋಗಿತ್ತು. ಅರವತ್ತು ಹುಡುಗೇರು. ಒಬ್ಬಾಕಿ ಸೈತ ಏನೂ ಅನ್ನಲಿಲ್ಲ, ತಲಿ ಬಗ್ಗಿಸಿ ಉಂಡು ಎದ್ರು. ಒಬ್ಬಾಕಿ ಮಾರಿ ಕಿವುಚಿದ್ರೂ ನಾ ಮರುದಿನ ಬರ್ತಿದ್ದಿಲ್ಲವ್ವ."