ಎರಡನೆಯ ಸದ್ದು

ನಿಂತುಹೋದ ತಿಪಟೂರಿನಲ್ಲಿ ತನ್ನ ಹೊಲಿಗೆ ಮಿಷನ್ನಿನದಲ್ಲದ ಇನ್ನೊಂದು ಸದ್ದು ಸರ್ವರಿ ಬೇಗಂ ಕಿವಿಗೆ ಬಿದ್ದದ್ದು 1998ರ ಜನವರಿ 22ರಂದು, ರಂಜಾನ್ ಹಬ್ಬಕ್ಕೆ ಎಂಟು ದಿನ ಇರುವಾಗ. ಅಂಗಡಿಯ ಗಡಿಯಾರ ಹನ್ನೊಂದು ಹತ್ತರಲ್ಲಿ ನಿಂತು, ಅವಳ ಅಂದಾಜಿನಲ್ಲಿ ಆಗಲೇ ಮೂರು ಗಂಟೆ ಕಳೆದಿತ್ತು. ಎದುರು ಹೋಟೆಲಿನವನು ಎತ್ತರದಿಂದ ಸುರಿದ ಟೀ ಲೋಟಕ್ಕೆ ಬೀಳದೆ ಗಾಳಿಯಲ್ಲೇ ತೂಗಿಕೊಂಡಿತ್ತು.

ಒಂದೇ ಲಯದಲ್ಲಿ ಪೆಡಲು ತುಳಿದರೆ ನೂರನೆಯ ತುಳಿತಕ್ಕೆ ಊರು ನಿಲ್ಲುತ್ತಿತ್ತು. ಲಯ ತಪ್ಪಿದ ಕ್ಷಣ, ನಿಂತಲ್ಲಿಂದಲೇ ಮತ್ತೆ ನಡೆಯುತ್ತಿತ್ತು. ಹಬ್ಬದ ಬಟ್ಟೆಯನ್ನು ಹೇಳಿದ ದಿನಕ್ಕೆ ಕೊಡುವವಳು ಎಂದು ಹದಿನೇಳು ವರ್ಷದಲ್ಲಿ ಅವಳು ಗಳಿಸಿದ ಹೆಸರಿನ ಗುಟ್ಟು ಇಷ್ಟೇ. ಊರಿನವರ ರೋಜಾ ಉಪವಾಸ ಹದಿಮೂರು ಗಂಟೆಯದಾದರೆ ಅವಳದು ಕೆಲವು ದಿನ ಇಪ್ಪತ್ತು ದಾಟುತ್ತಿತ್ತು. ರೇಷನ್ ಕಾರ್ಡಿನ ಪ್ರಕಾರ ವಯಸ್ಸು ಮೂವತ್ತೇಳು. ತಲೆ ಪೂರ್ತಿ ಬೆಳ್ಳಗಾಗಿತ್ತು. ಆ ಹೆಚ್ಚುವರಿ ಗಂಟೆಗಳಲ್ಲಿ ಒಬ್ಬರೂ ಅವಳೊಂದಿಗೆ ಒಂದು ಮಾತಾಡಿರಲಿಲ್ಲ.

ಈಗ ಮಾರ್ಕೆಟ್ ಕಡೆಯಿಂದ ಟಕ್, ಟಕ್, ಟಕ್. ಕೊಬ್ಬರಿಯ ಚಿಪ್ಪು ಒಡೆಯುವ ಮಚ್ಚಿನ ಸದ್ದು. ಎದ್ದು ಹೋಗುವಂತಿರಲಿಲ್ಲ, ಆ ಸದ್ದು ಊರನ್ನು ಹಿಡಿದಿಟ್ಟಿರುವಾಗ ಕಾಲು ನಿಂತರೆ ಊರಿನೊಂದಿಗೆ ಅವಳೂ ನಿಲ್ಲುತ್ತಿದ್ದಳು. ಲಯ ಕೆಡದಂತೆ ತುಳಿತವನ್ನು ಚೂರು ನಿಧಾನಿಸಿದಳು. ಆ ಸದ್ದೂ ಚೂರು ನಿಧಾನಿಸಿತು.

ಮಾರನೆಯ ಬೆಳಿಗ್ಗೆ, ಗಿರಾಕಿ ಜಯಕ್ಕನ ರವಿಕೆ ಕೊಡುವ ನೆಪದಲ್ಲಿ ಸರ್ವರಿ ಮಾರ್ಕೆಟ್ ಹಿಂದಿನ ಕೊಬ್ಬರಿ ಶೆಡ್ಡಿಗೆ ಹೋದಳು. ಹದಿನಾಲ್ಕು ಹೆಂಗಸರು, ಹದಿನಾಲ್ಕು ಮಚ್ಚು. ಸದ್ದಿನಿಂದ ಯಾರನ್ನೂ ಗುರುತು ಹಿಡಿಯಲಾಗಲಿಲ್ಲ. ಮುಖಗಳನ್ನು ನೋಡುತ್ತ ಹೋದಳು.

“ಆ ಮೂಲೇಲಿರೋ ಅಜ್ಜಿ ಯಾರು, ಜಯಕ್ಕ?”

“ಅಜ್ಜಿನಾ!” ಜಯಕ್ಕನಿಗೆ ನಗು ತಡೆಯಲಾಗಲಿಲ್ಲ. “ಲೇ ಭೈರಿ, ಕೇಳುಸ್ತೇನೇ, ಅಜ್ಜಿಯಂತೆ! ಅವ್ಳು ಭೈರಮ್ಮ ಕಣ್ರೀ. ನಂಗಿಂತ ಎರಡ್ ವರ್ಷ ಚಿಕ್ಕೋಳು. ಮನೇಲೂ ಒಬ್ಳೇ, ಇಲ್ಲೂ ಒಬ್ಳೇ. ಅದೇನ್ ಕೈಯೋ, ನಾವು ನೂರು ಒಡೆಯೋದ್ರಲ್ಲಿ ಮುನ್ನೂರು ಒಡೆದು ಕೂತಿರ್ತಾಳೆ.”

ಸರ್ವರಿ ಮೂಲೆಗೆ ಹೋಗಿ ಕುಳಿತು, ನಿನ್ನೆಯ ಲಯವನ್ನು ಬೆರಳಿನಿಂದ ನೆಲದ ಮೇಲೆ ತಟ್ಟಿದಳು. ಭೈರಮ್ಮನ ಮಚ್ಚು ನಿಂತಿತು.

“ಮಿಷನ್ ತುಳೀತಿದ್ದೋರು ನೀವಾ?”

“ಹೂಂ.”

“ನಾನು ಯಾರೋ ಮೀಸೆ ಗಂಡಸು ಅಂದ್ಕಂಡಿದ್ದೆ.”

“ಬೇಜಾರಾಯ್ತಾ?”

“ಆಯ್ತು ಬುಡಿ,” ಎಂದು ಭೈರಮ್ಮ ನಕ್ಕಳು. ಆಮೇಲೆ ದನಿ ತಗ್ಗಿಸಿದಳು. “ಅಷ್ಟೊತ್ತೂ ಒಬ್ರೇ ಏನ್ ಮಾಡ್ತೀರಿ?”

“ಹೊಲೀತೀನಿ. ನೀವು?”

“ಒಡೀತೀನಿ.”

ಸುತ್ತ ಹದಿಮೂರು ಮಚ್ಚು ಒಂದಕ್ಕೊಂದು ಸೇರದೆ ಬಡಿಯುತ್ತಿದ್ದವು.

“ನಿಮ್ ಮಿಷನ್ ಹೊತ್ಕಂಡು ಬರಕ್ಕಾಗಲ್ಲ. ನನ್ ಮಚ್ಚಿಗೇನು?” ಎಂದಳು ಭೈರಮ್ಮ. “ಮಧ್ಯಾಹ್ನ ಊಟಕ್ಕೆ ಬುಡ್ತಾರೆ. ಊಟ ಹಾಳಾಗೋಗ್ಲಿ, ನಿಮ್ ಅಂಗ್ಡಿಗೆ ಬತ್ತೀನಿ. ಹೊತ್ತು ನಿಲ್ಸಿ ಕೂತ್ಕಂಡು ಮಾತಾಡಣ. ಯಾವ್ ನನ್ಮಗ ಅಡ್ಡ ಬತ್ತಾನೆ?”

ಒಂದು ಗಂಟೆಗೆ ಭೈರಮ್ಮ ಚೀಲದಲ್ಲಿ ಹತ್ತು ಕಾಯಿ, ಒಂದು ಕಲ್ಲು, ಮಚ್ಚು ತಂದು ಸರ್ವರಿಯ ಎದುರು ಚಕ್ಕಳಮಕ್ಕಳ ಹಾಕಿ ಕುಳಿತಳು. ಕಾಯಿ ಬದಲಿಸುವಾಗ ಕಲ್ಲಿಗೆ ಬಡಿದು ತಾಳ ಕಾಯುವುದು ಅವಳ ಕ್ರಮ. ಇತ್ತ ಕಾಲು, ಅತ್ತ ಕೈ ಒಂದೇ ಲಯಕ್ಕೆ ಕೂಡಿಕೊಂಡವು. ನೂರನೆಯ ತಾಳಕ್ಕೆ ನೊಣವಿನಕೆರೆ ಬಸ್ಸಿನ ಹಾರನ್ ಅರ್ಧಕ್ಕೆ ಕಡಿದುಹೋಯಿತು. ಬೀದಿ ನಿಂತಿತು. ಅದರ ನಡುವೆ ಅಲುಗುತ್ತಿದ್ದವರು ಇಬ್ಬರು.

ಭೈರಮ್ಮ ಹೊರಗೆ ನೋಡಿದಳು. ತಿರುಗಿ ಸರ್ವರಿಯ ಮುಖ ನೋಡಿದಳು. ಭೈರಮ್ಮನ ಕಣ್ಣು ತುಂಬಿತು.

“ಅಕ್ಕ, ಎಷ್ಟ್ ವರ್ಷದಿಂದ ಯಾರಿಗಾದ್ರೂ ಒಂದ್ ಮಾತು ಹೇಳ್ಬೇಕು ಅಂತ…”

ಅವಳ ಕೈ ಒಂದು ಪೆಟ್ಟು ತಪ್ಪಿತು. ಮಾತಾಡುತ್ತ ತಾಳ ಹಿಡಿದು ಅವಳಿಗೆ ರೂಢಿಯಿರಲಿಲ್ಲ. ರೂಢಿ ಮಾಡಿಕೊಳ್ಳಲು ಇಷ್ಟು ವರ್ಷ ಎದುರಿಗೆ ಯಾರಿದ್ದರು? ಮಚ್ಚು ಕಾಯಿಗಿಂತ ಒಂದು ಗೇಣು ಮೇಲೆ, ಉಳಿದ ಮಾತು ತುಟಿಯೊಳಗೆ, ಭೈರಮ್ಮ ಬೀದಿಯ ಜೊತೆ ನಿಂತುಬಿಟ್ಟಳು.

ಕಾಲು ತೆಗೆದರೆ ಆ ಮಾತು ಪೂರ್ತಿಯಾಗುತ್ತಿತ್ತು. ಅದರ ಹಿಂದೆಯೇ ಬಸ್ಸು, ಗಿರಾಕಿಗಳು, ಶೆಡ್ಡಿನ ಗಂಟೆ. ಭೈರಮ್ಮ ಚೀಲ ಎತ್ತಿಕೊಂಡು ಹೊರಟುಹೋಗುತ್ತಿದ್ದಳು.

ಸರ್ವರಿ ತುಳಿಯುತ್ತಲೇ ಇದ್ದಳು. ಆರು ಜುಬ್ಬಾ ಮುಗಿದವು. ಉಂಡೆಯ ದಾರ ಮುಗಿಯಿತು. ಬರಿಯ ಸೂಜಿ ಏರಿ ಇಳಿಯುತ್ತಿತ್ತು. ಎದುರಿಗೆ, ಅವಳೊಬ್ಬಳಿಗೇ ಏನೋ ಹೇಳಬೇಕೆಂದು ಬಾಯಿ ತೆರೆದ ಮುಖವಿತ್ತು.