ಕೆನ್ನೆಯೊಳಗಿನ ಹರಳು

"ನಾಲ್ಕು ಗಂಟೆ ಸೈರನ್ ಆಗೋ ತನಕ ಅಷ್ಟೇ," ಎಂದ ಮ್ಯಾನೇಜರ್. "ಆಮೇಲೆ ನಮ್ಮವರು ಆ ಹರಳನ್ನ ಇಕ್ಕಳ ಹಾಕಿ ಎಳೀತಾರೆ."

"ಉಗುರಲ್ಲಿ ಹೋಗೋದಕ್ಕೆ ಕೊಡಲಿ ತರ್ತೀರಾ? ಎಳೆದ್ರೆ ಬೂದಿ ಉಳಿಯುತ್ತೆ."

"ನನ್ನ ಕೈಲಿ ಏನೂ ಇಲ್ಲ ತಾಯಿ. ನಾಳೆ ಈ ಕಟ್ಟಡ ಕೆಡವ್ತಾರೆ."

ಮುದುಕಿ ಗೋಡೆಯ ಗಡಿಯಾರ ನೋಡಿದಳು. ಮೂರೂ ನಲವತ್ತು. ಹರಳು ಕೊರೆಯುವ ಆ ಕಾರ್ಖಾನೆಯಲ್ಲಿ ಎಲ್ಲರೂ ಅವಳನ್ನು ಸಾಣೆಯಮ್ಮ ಎನ್ನುತ್ತಿದ್ದರು. ಅವಳೆದುರು, ಕಿಟಕಿ ಪಕ್ಕದ ಸ್ಟೂಲಿನ ಮೇಲೆ ಮೂವತ್ತರ ಗಂಡಸೊಬ್ಬ ಕಲ್ಲಿನಂತೆ ಕುಳಿತಿದ್ದ. ಮುಖ ಬಾಗಿಲ ಕಡೆಗೆ ಅರ್ಧ ತಿರುಗಿತ್ತು. ಒಂದು ಕೈ ಊಟದ ಡಬ್ಬಿಯತ್ತ ಚಾಚಿತ್ತು. ಈಗ ಯಾರೂ ಹಾಕದ ಅಗಲ ಕಾಲರಿನ ಅಂಗಿ. ತುಟಿ ಏನೋ ಹೇಳಹೊರಟು ಅಲ್ಲೇ ನಿಂತಿತ್ತು. ‘ರಜೆ ಬೇಕು’ ಎಂದೇ ಇರಬೇಕು ಎನ್ನುವುದು ಕೆಲಸದವರ ಹಳೆಯ ತಮಾಷೆ. ಅವನ ಎಡಗೆನ್ನೆ ಉಬ್ಬಿತ್ತು. ಹರಳು ಇದ್ದದ್ದು ಅಲ್ಲಿ.

ಅದು ಕಾಲವನ್ನು ಹಿಡಿಯುವ ಹರಳು. ತಣ್ಣಗಿರುವಾಗ ಸಾಧು. ಹತ್ತೆಣಿಸುವಷ್ಟು ಹೊತ್ತು ಬಿಸಿ ತಾಗಿತೋ, ತನಗೆ ಅಂಟಿದ್ದನ್ನು ಇದ್ದಲ್ಲೇ ನಿಲ್ಲಿಸಿಬಿಡುತ್ತದೆ. ಗಡಿಯಾರವಾದರೆ ಮುಳ್ಳು ನಿಲ್ಲುತ್ತದೆ, ಮನುಷ್ಯನಾದರೆ ಉಸಿರು. ಈಗ ಇದು ಎಲ್ಲರಿಗೂ ಗೊತ್ತು, ಮರದ ಚಿಮಟವಿಲ್ಲದೆ ಯಾರೂ ಮುಟ್ಟುವುದಿಲ್ಲ. ಅವತ್ತು ಗೊತ್ತಿರಲಿಲ್ಲ.

ಹರಳಿನ ಕೆಲಸದವರಿಗೆ ಒಂದು ಚಾಳಿ. ಹೊಸ ಕಲ್ಲು ಬಂದರೆ ನಾಲಿಗೆಗಿಟ್ಟು ನೋಡುತ್ತಾರೆ. ತಣ್ಣಗಿದ್ದರೆ ಕಲ್ಲು, ಬೇಗ ಬೆಚ್ಚಗಾದರೆ ಗಾಜು. ಅವನೂ ಇಟ್ಟ. ಎರಡೆಣಿಸಿ ಉಗಿದಿದ್ದರೆ ಮುಗಿಯುತ್ತಿತ್ತು. ಅಷ್ಟರಲ್ಲಿ ಬಾಗಿಲಿನಿಂದ ಯಾರೋ ‘ಬೇಗ ಬಾ’ ಎಂದು ಕರೆದರು. ಕಲ್ಲನ್ನು ಕೆನ್ನೆಗೆ ಒತ್ತರಿಸಿಕೊಂಡು ತಿರುಗಿದ.

ಕರೆದವಳು ಅವಳೇ. ಹಟಕ್ಕೆ ಬಿದ್ದು ಒಂದೇ ಸಮನೆ ಕರೆದಿದ್ದಳು. ಆ ಪಾಪ ತನ್ನದೇ ಎಂದು ಅವಳು ಯಾವತ್ತೂ ನಂಬಿದ್ದಳು. ಅದಕ್ಕೇ ಈ ಕಸುಬು ಕಲಿತಳು. ಅವಳ ತಲೆಗೂದಲು ನೆರೆತದ್ದು ಇದೇ ಕೋಣೆಯಲ್ಲಿ. ಇಂಥ ಹರಳುಗಳಿಗೆ ಅಂಟಿದ ಪತಂಗಗಳ ಮೇಲೆ ಕೈ ಪಳಗಿಸಿದಳು. ಹರಳಿನೊಳಗೆ ಕೂದಲೆಳೆಯಂಥ ಗೆರೆಯೊಂದಿರುತ್ತದೆ. ಅದರ ಮೇಲೇ ಏಟು ಬಿದ್ದರೆ ಹಿಡಿದಿಟ್ಟ ಕಾಲ ಗಾಳಿಪಾಲು. ತಪ್ಪಿದರೆ ಅಷ್ಟೂ ಒಮ್ಮೆಗೇ ಮೈಮೇಲೆ ಬೀಳುತ್ತದೆ. ಹನ್ನೆರಡು ಪತಂಗ ಪುಡಿಯಾದವು. ಕೊನೆಯ ಮೂರು ಹಾರಿಹೋದವು. ಹದಿನೈದಕ್ಕೆ ಮೂರು ಎಂಬ ಲೆಕ್ಕ ಅವಳ ಎದೆಯಲ್ಲಿ ಕೂತಿತ್ತು.

"ತಾಯಿ ಕರುಳು ಅಂದ್ರೆ ಹಾಗೇ," ಎಂದ ಮ್ಯಾನೇಜರ್. ಕೆಲಸಕ್ಕೆ ಬಂದು ಮೂರು ವಾರವಾಗಿತ್ತು, ಒಳ್ಳೆಯವನೇ. "ನಮ್ಮಮ್ಮನೂ ಹೀಗೇ ಕೂರ್ತಿದ್ರೋ ಏನೋ."

ಅವಳು ಉಳಿಯ ಬಾಯಿಯನ್ನು ಹೆಬ್ಬೆರಳಿಂದ ಸವರಿ ನೋಡಿದಳು.

ಮ್ಯಾನೇಜರನ ಕಣ್ಣು ಬಾಗಿಲ ಪಕ್ಕದ ಮೊಳೆಗೆ ಹೋಯಿತು. ಅಲ್ಲೊಂದು ಪುಟ್ಟ ಹಳದಿ ಮಳೆಕೋಟು ನೇತಾಡುತ್ತಿತ್ತು. "ಇದು?"

"ಈ ಮನುಷ್ಯನ ಮಗಳದು. ತೆಗೀಬೇಡಿ. ಎಚ್ಚರ ಆದ ಕೂಡಲೇ ಕಣ್ಣು ಅಲ್ಲಿಗೇ ಹೋಗೋದು."

"ಅಯ್ಯೋ. ಇವತ್ತೇ ಕೊನೆ ಅಂತ ಅವಳಿಗೆ ಹೇಳಿದ್ದೀರಾ?"

"ಅವಳಿಗೆ ಗೊತ್ತು. ಕಾಯ್ತಿದ್ದಾಳೆ."

ಮೂರೂ ಐವತ್ತು. ಅವಳು ದೀಪವನ್ನು ಹತ್ತಿರಕ್ಕೆಳೆದಳು. ಮರದ ಚಿಮಟದಿಂದ ಅವನ ತುಟಿಯ ಮೂಲೆಯನ್ನು ಮೆಲ್ಲಗೆ ಸರಿಸಿದಳು. ಹರಳು ಕಂಡಿತು, ದವಡೆಗೆ ಕಚ್ಚಿಕೊಂಡು, ಹುಣಸೆಬೀಜದಷ್ಟು ಗಾತ್ರದ್ದು. ಅವಳು ಬಗ್ಗಿ ನೋಡಿದಳು.

ಗೆರೆಗಳು ಎರಡಿದ್ದವು.

ಒಂದು ನಿಜ, ಇನ್ನೊಂದು ಬರೀ ಬಿರುಕು. ಇಷ್ಟು ವರ್ಷ ಕಣ್ಣಲ್ಲಿ ಕಣ್ಣಿಟ್ಟು ನೋಡಿದ ಹರಳು ಇವತ್ತು ಹೀಗೆ ಕೈ ಕೊಡಬೇಕೆ? ನಿನ್ನೆ ಅವಳಿಲ್ಲದಾಗ ಯಾರೋ ಎಳೆಯಲು ನೋಡಿ ಬಿದ್ದ ಬಿರುಕಿರಬೇಕು. ಮೆಟ್ಟಿಲ ಮೇಲೆ ಬೂಟಿನ ಸದ್ದು ಕೇಳಿಸಿತು. ಇಕ್ಕಳದವರು ಬರುತ್ತಿದ್ದರು.

ಅವಳು ದೀಪ ಆರಿಸಿದಳು.

"ಏನ್ ಮಾಡ್ತಿದ್ದೀರಿ?" ಮ್ಯಾನೇಜರ್ ಗಾಬರಿಯಾದ.

"ಬಿರುಕು ಕಾಣೋಕೆ ಬೆಳಕು ಬೇಕು, ಗೆರೆಗೆ ಬೇಡ."

ಕಿಟಕಿಯ ಮಬ್ಬಿನಲ್ಲಿ ಒಂದು ಗೆರೆ ಮಾಯವಾಯಿತು. ಇನ್ನೊಂದು ಉಳಿಯಿತು, ಅವಳ ಕಣ್ಣಿಗೆ ಹಾಗೆ ಕಂಡಿತು. ಎಪ್ಪತ್ತರ ಹತ್ತಿರದ ಕಣ್ಣನ್ನು ಎಷ್ಟು ನಂಬುವುದು? ಉಳಿಯನ್ನು ಅದರ ಮೇಲಿಟ್ಟಳು. ತೆಗೆದಳು. ಮತ್ತೆ ಇಟ್ಟಳು.

ಸೈರನ್ ಕೂಗಿತು.

"ತಾಯಿ, ಇನ್ನು ಸರೀರಿ."

ಅವಳು ಹೊಡೆದಳು.

ಟಕ್ ಎಂದಿತು, ಅಷ್ಟೇ. ಅವನ ಮೀಸೆಯಲ್ಲಿ ಒಂದು ಕೂದಲು ಬೆಳ್ಳಗಾಯಿತು. ಮತ್ತೊಂದು. ಮೂರನೆಯದು. ಅವಳು ಮುಂದಿನದಕ್ಕೆ ಕಾದಳು. ನಾಲ್ಕನೆಯದು ಕಪ್ಪಾಗಿಯೇ ಉಳಿಯಿತು. ಮ್ಯಾನೇಜರ್ ಕೈಯೆತ್ತಿ ಇಕ್ಕಳದವರನ್ನು ಮೆಟ್ಟಿಲ ಬಳಿಯೇ ತಡೆದ.

ಸ್ಟೂಲಿನ ಮೇಲಿದ್ದವನು ಕೆಮ್ಮಿದ. ಎರಡು ಚೂರುಗಳನ್ನು ಅಂಗೈಗೆ ಉಗಿದು, "ಥೂ, ಎಂಥಾ ಕಲ್ಲಪ್ಪ ಇದು," ಎಂದ. ಅರ್ಧಕ್ಕೆ ನಿಂತಿದ್ದ ಕೈ ಊಟದ ಡಬ್ಬಿಯನ್ನು ಎತ್ತಿಕೊಂಡಿತು. ಅರ್ಧಕ್ಕೆ ನಿಂತಿದ್ದ ಮಾತೂ ಹೊರಬಂತು.

"ಬಂದೆ!" ಎಂದು ಬಾಗಿಲಿನತ್ತ ಕೂಗಿದ. ಆಮೇಲೆ ಎದುರಿದ್ದ ಮುದುಕಿಯನ್ನು ನೋಡಿ ಮುಜುಗರದಿಂದ ನಕ್ಕ. "ಅಜ್ಜಿ, ಸ್ವಲ್ಪ ಸರೀತೀರಾ? ಅಲ್ಲಿ ನನ್ನ ಮಗಳು ನಿಂತಿದ್ದಾಳೆ. ಏಳು ವರ್ಷ, ಹಟಮಾರಿ. ತಡ ಆದ್ರೆ ಅತ್ತೇಬಿಡ್ತಾಳೆ."

ಮುದುಕಿ ಮಂಡಿ ಹಿಡಿದುಕೊಂಡು ಎದ್ದಳು, ಕಷ್ಟಪಟ್ಟು ಬಾಗಿಲಿನವರೆಗೆ ನಡೆದಳು, ಹಳದಿ ಮಳೆಕೋಟಿನ ಪಕ್ಕದಲ್ಲಿ ತಿರುಗಿ ನಿಂತಳು.

"ಅಳ್ತಾ ಇಲ್ಲ ಅಪ್ಪಾ," ಎಂದಳು ಅಳುತ್ತಾ. "ಬೇಗ ಬಾ."